ಹಿಟ್ಟಿನ ಮೇಲೆ ಕೂತ ಧೂಳು

ಪರಿಸರ ಅರ್ಥಶಾಸ್ತ್ರವೇ ನನ್ನ ವೃತ್ತಿ. ಸಭೆಗಳಲ್ಲಿ ಯಾರಾದರೊಬ್ಬರು ತಪ್ಪದೆ ಒಂದು ಗಾದೆ ಎತ್ತುತ್ತಾರೆ: ‘ಹೊಟ್ಟೆಗೆ ಹಿಟ್ಟಿಲ್ಲದಿದ್ದರೂ ಜುಟ್ಟಿಗೆ ಮಲ್ಲಿಗೆ ಹೂವು’. ಮೊದಲು ನಾಡು ಸಿರಿವಂತವಾಗಲಿ, ಗಾಳಿ ನೀರು ತೊಳೆಯುವುದು ಆಮೇಲಿನ ಮಾತು ಎಂಬುದು ಅದರ ಇಂಗಿತ.

ಈ ಮಾತಿಗೆ ಅರ್ಥಶಾಸ್ತ್ರದಲ್ಲೊಂದು ಚಿತ್ರವೂ ಉಂಟು. 1990ರ ದಶಕದಲ್ಲಿ ಜೀನ್ ಗ್ರಾಸ್‌ಮನ್ ಮತ್ತು ಅಲನ್ ಕ್ರೂಗರ್ ಹಲವು ದೇಶಗಳ ಲೆಕ್ಕ ಜೋಡಿಸಿ ನೋಡಿದರು. ತಲಾ ಆದಾಯ ಏರಿದಂತೆ ಕೆಲವು ಬಗೆಯ ಮಾಲಿನ್ಯ ಮೊದಲು ಹೆಚ್ಚಿ, ಒಂದು ಮಟ್ಟ ದಾಟಿದ ಮೇಲೆ ಇಳಿಯುತ್ತಿತ್ತು. ಬೋರಲು ಬಿದ್ದ ಬಟ್ಟಲಿನಂಥ ಆ ಗೆರೆಗೆ ಪರಿಸರದ ಕುಜ್ನೆಟ್ಸ್ ರೇಖೆ ಎಂದು ಹೆಸರು. ಆ ಇಳಿಕೆ ತಾನಾಗಿ ಆಗುವುದಲ್ಲ ಎಂದು ಆ ಇಬ್ಬರೇ ಎಚ್ಚರಿಸಿದ್ದರು. ಗೆರೆ ಊರೂರು ಸುತ್ತಿತು, ಎಚ್ಚರಿಕೆ ಪುಸ್ತಕದಲ್ಲೇ ಉಳಿಯಿತು. 1952ರ ಡಿಸೆಂಬರ್‌ನಲ್ಲಿ ಹೊಗೆಮಂಜಿಗೆ ಸಾವಿರಾರು ಜನ ಬಲಿಯಾದಾಗ ಲಂಡನ್ ಬಡ ಊರೇನಲ್ಲ. ಅಲ್ಲಿ ಕಲ್ಲಿದ್ದಲ ಹೊಗೆಗೆ ಕಾಯ್ದೆಯ ಮೂಗುದಾರ ಬಿದ್ದದ್ದು 1956ರಲ್ಲಿ.

ನಮ್ಮ ಬಳ್ಳಾರಿ ಜಿಲ್ಲೆಯ ಸಂಡೂರಿನ ಕಥೆ ಇನ್ನೂ ನೇರ. ಈ ಶತಮಾನದ ಮೊದಲ ದಶಕದಲ್ಲಿ ಚೀನಾದ ಉಕ್ಕಿನ ಹಸಿವಿಗೆ ಕಬ್ಬಿಣದ ಅದಿರಿನ ಬೆಲೆ ಗಗನಕ್ಕೇರಿತು. ಗುಡ್ಡ ಸಾಲದೆ ಪಟ್ಟಾ ಜಮೀನನ್ನೂ ಬಗೆದರು. ಹೆಚ್ಚು ಕಬ್ಬಿಣವಿದ್ದದ್ದು ಹಡಗು ಹತ್ತಿತು, ಕಡಿಮೆ ಇದ್ದದ್ದು ಗುಡ್ಡದ ಮಗ್ಗುಲಲ್ಲೇ ರಾಶಿ ಬಿತ್ತು. ಹೊಸಪೇಟೆ ದಾರಿಯಲ್ಲಿ ಲಾರಿ ಸಾಲು, ಜೋಳದ ಗರಿಯ ಮೇಲೆ ಕೆಂಪು ಧೂಳು. ಮಲ್ಲಿಗೆಯ ಮಾತು ಹಾಗಿರಲಿ, ಧೂಳು ಕೂತಿದ್ದೇ ಹಿಟ್ಟಿನ ಮೇಲೆ.

ಕೆಳಗಿರುವ ತುಂಗಭದ್ರಾ ಅಣೆಕಟ್ಟನ್ನು ನೋಡಿ. ಕಟ್ಟಿದಾಗ ಸುಮಾರು 133 ಟಿಎಂಸಿ ಹಿಡಿಯುತ್ತಿದ್ದ ಜಲಾಶಯ ಈಗ ಹಿಡಿಯುವುದು 105ರ ಆಸುಪಾಸು. ಹೂಳಿಗೆಲ್ಲ ಗಣಿಯೇ ಕಾರಣವಲ್ಲ. ನದಿಯ ಉದ್ದಕ್ಕೂ ಹೊಲದ ಮಣ್ಣೂ ಕೊಚ್ಚಿ ಬರುತ್ತದೆ. ನನ್ನ ಕಣ್ಣು ಇರುವುದು ಲೆಕ್ಕದ ಮೇಲೆ. ಅದಿರು ತೆಗೆದಾಗ ಜಿಡಿಪಿ ಏರುತ್ತದೆ. ಹೂಳಿನಿಂದ ಕಳೆದುಹೋದ ನೀರಿಗೆ ಬದಲಾಗಿ ಕೊಪ್ಪಳದ ನವಲಿಯಲ್ಲಿ ಸಮತೋಲನ ಜಲಾಶಯ ಕಟ್ಟುವ ಪ್ರಸ್ತಾವವಿದೆ. ಕಟ್ಟಿದರೆ ಆಗಲೂ ಜಿಡಿಪಿ ಏರುತ್ತದೆ. ಕಾಲುವೆಯ ತುದಿಯಲ್ಲಿ ನೀರು ಬಾರದೆ ಬೀಳುಬಿದ್ದ ಗದ್ದೆಗೆ ಮಾತ್ರ, ಬಾರದ ಬೆಳೆಯೆಂದು ಖರ್ಚು ಬರೆಯುವ ಕಾಲಂ ಎಲ್ಲೂ ಇಲ್ಲ.

ಅಕ್ರಮ ಗಣಿಗಾರಿಕೆಯ ಪ್ರಕರಣದಲ್ಲಿ 2011ರ ಜುಲೈನಲ್ಲಿ ಸುಪ್ರೀಂ ಕೋರ್ಟ್ ಬಳ್ಳಾರಿ ಗಣಿಗಾರಿಕೆಗೆ ತಡೆ ಹಾಕಿತು. ಸಾಲ ಮಾಡಿ ಲಾರಿ ಕೊಂಡಿದ್ದವರು ಮುಳುಗಿದರು, ಅದನ್ನು ಮುಚ್ಚಿಡುವುದು ಸರಿಯಲ್ಲ. 2013ರ ತೀರ್ಪು ‘ಸಿ’ ವರ್ಗದ, ಅಂದರೆ ಅತಿ ಹೆಚ್ಚು ಅಕ್ರಮ ಕಂಡ, ಗಣಿ ಗುತ್ತಿಗೆಗಳನ್ನು ರದ್ದುಮಾಡಿತು. ಬಳ್ಳಾರಿಗೆ ವರ್ಷಕ್ಕೆ 2.5 ಕೋಟಿ ಟನ್, ಚಿತ್ರದುರ್ಗ ಮತ್ತು ತುಮಕೂರಿಗೆ ಸೇರಿ 50 ಲಕ್ಷ ಟನ್ ಮಿತಿ ನಿಂತಿತು. ಇಡೀ ಪ್ರಕರಣದಲ್ಲಿ ನನಗೆ ದೊಡ್ಡದಾಗಿ ಕಂಡದ್ದು ಈ ಮಿತಿಯೇ. ಪ್ರತಿ ಗಣಿಯನ್ನೂ ಬೇರೆ ಬೇರೆ ಅಳೆದರೆ ಎಲ್ಲವೂ ಪಾಸಾಗುತ್ತವೆ. ಅಷ್ಟೂ ಗಣಿಗಳ ಲಾರಿ ಒಂದೇ ರಸ್ತೆಗಿಳಿದಾಗ ಊರು ಉಸಿರುಗಟ್ಟುತ್ತದೆ. ಇಡೀ ಜಿಲ್ಲೆಗೆ ಎಷ್ಟು ತಾಳೀತು ಎಂದು ಕೇಳಿದ್ದು ಆಗಲೇ. ಹಿಂದೆ ಕಸವೆಂದು ಎಸೆದ ರಾಶಿಗಳೂ ನಿರ್ಬಂಧದ ಕಾಲದಲ್ಲಿ ಇ-ಹರಾಜಿಗೆ ಬಂದವು.

ಇನ್ನು ‘ದುಡ್ಡು ಬರಲಿ, ಆಮೇಲೆ ತೊಳೆಯೋಣ’ ಎಂಬ ವಾದ. ಗಣಿಬಾಧಿತ ಪ್ರದೇಶದ ಪುನಶ್ಚೇತನಕ್ಕೆಂದು 2014ರಲ್ಲಿ ನಿಗಮವೇ ಹುಟ್ಟಿತು. ಅದಿರು ಮಾರಾಟದ ಪಾಲು ಸಾವಿರಾರು ಕೋಟಿ ರೂಪಾಯಿ ಬ್ಯಾಂಕಿನಲ್ಲಿ ಬೆಳೆಯುತ್ತ ಕೂತಿತು. ಖರ್ಚಿನ ದಾರಿ ತೆರೆಯಲು 2022 ಬರಬೇಕಾಯಿತು. ಅಷ್ಟು ಹೊತ್ತಿಗೆ ಧೂಳು ಕುಡಿದ ಮಕ್ಕಳು ಕಾಲೇಜು ಸೇರಿದ್ದರು. ಅದೇ ವರ್ಷ ಮಿತಿಯೂ ಸಡಿಲವಾಯಿತು: ಬಳ್ಳಾರಿಗೆ 3.5 ಕೋಟಿ ಟನ್, ಉಳಿದೆರಡು ಜಿಲ್ಲೆಗೆ 1.5 ಕೋಟಿ.

ಏರಿಸಲೇಬಾರದು ಎನ್ನುವವನಲ್ಲ ನಾನು. ಉಕ್ಕು ಬೇಕು, ಕೂಲಿ ಬೇಕು. ಆದರೆ ಈಗ ವಿಸ್ತರಣೆಯ ಕಡತ ಮುಂದೆ ಬಂದರೆ ಉದ್ಯೋಗದ ಪುಟಕ್ಕಿಂತ ಮೊದಲು ಸಾಗಣೆಯ ಪುಟ ತೆರೆಯುತ್ತೇನೆ. ಹೆಚ್ಚುವರಿ ಟನ್ನು ಕನ್ವೇಯರ್ ಮೇಲೆ ಹೋಗುತ್ತದೋ, ರೈಲಿನಲ್ಲೋ, ಮತ್ತೆ ಅದೇ ಜೋಳದ ಹೊಲದ ಪಕ್ಕದ ರಸ್ತೆಯಲ್ಲೋ?