ಬ್ರೆಡ್ ಬಟ್ಟಲಿನ ಸಬ್ಬಸಿಗೆ ಡಿಪ್ ನೀರಾಗುವುದೇಕೆ?

ಪ್ರಶ್ನೆ: ಬ್ರೆಡ್ ತುಂಡು ಅದ್ದಿ ತಿನ್ನುವ ಡಿಪ್ ಮಾಡಲು ಮೊಸರನ್ನು ರಾತ್ರಿಯಿಡೀ ಬಟ್ಟೆಯಲ್ಲಿ ಕಟ್ಟಿ ಬಸಿದಿದ್ದೆ. ಬೆಳಿಗ್ಗೆ ಸಬ್ಬಸಿಗೆ ಸೊಪ್ಪು, ಉಪ್ಪು, ಬೆಳ್ಳುಳ್ಳಿ ಸೇರಿಸಿ ಮಿಕ್ಸಿಯಲ್ಲಿ ನುಣ್ಣಗೆ ತಿರುಗಿಸಿ, ತಿರುಳು ತೆಗೆದ ಬ್ರೆಡ್ಡಿಗೆ ತುಂಬಿದೆ. ಅರ್ಧ ಗಂಟೆಯೊಳಗೆ ತಳ ನೆನೆದು ತಟ್ಟೆಯ ತುಂಬ ಸೋರಿತು. ಮಿಕ್ಸಿಯನ್ನು ಇನ್ನಷ್ಟು ಹೊತ್ತು ತಿರುಗಿಸಿದ್ದರೆ ಗಟ್ಟಿಯಾಗುತ್ತಿತ್ತೇ? (ಸಾಗರದ ಓದುಗರೊಬ್ಬರು)

ಇಲ್ಲ. ಮಿಕ್ಸಿಯನ್ನು ಮುಟ್ಟಲೇಬಾರದಿತ್ತು. ಈ ಉತ್ತರವನ್ನು ನಾನು ಎಷ್ಟು ಸಲ ಕೊಟ್ಟಿದ್ದೇನೋ ಲೆಕ್ಕವಿಲ್ಲ. ಆದರೂ ಪ್ರತಿ ಮಳೆಗಾಲದಲ್ಲಿ, ಮಕ್ಕಳು ರಜೆಗೆ ಮನೆಗೆ ಬಂದು ಹೊಸ ತಿಂಡಿ ಕೇಳುವ ಹೊತ್ತಿಗೆ, ಇದೇ ಪ್ರಶ್ನೆ ಮತ್ತೆ ಬರುತ್ತದೆ. ಆದ್ದರಿಂದ ಈ ಸಲ ಬೇರು ಸಮೇತ ಕೀಳೋಣ.

ನಮ್ಮ ಮಲೆನಾಡಿನ ಮನೆಗಳಲ್ಲಿ ಕಡೆಗೋಲು ಕಾಣದೆ ಬೆಳೆದವರು ಕಡಿಮೆ. ಕಲ್ಲಿನಂತೆ ಗಟ್ಟಿಯಾಗಿದ್ದ ಮೊಸರಿಗೆ ಕಡೆಗೋಲು ಇಳಿಸಿ ಹಗ್ಗ ಎಳೆದರೆ ಏನಾಗುತ್ತದೆ? ಬೆಣ್ಣೆ ಮೇಲೆ ತೇಲುತ್ತದೆ, ಉಳಿದದ್ದು ಮಜ್ಜಿಗೆಯಾಗುತ್ತದೆ. ಮಿಕ್ಸಿಯೂ ಕಡೆಗೋಲೇ. ಅದಕ್ಕೆ ಹರಿತವಾದ ಅಲಗು ಬಂದಿದೆ, ಕರೆಂಟು ಬಂದಿದೆ, ಅಷ್ಟೇ ವ್ಯತ್ಯಾಸ. ಅಜ್ಜಿ ಹಗ್ಗ ಎಳೆದಾಗ ತೆಳ್ಳಗಾಗುತ್ತಿದ್ದ ಮೊಸರು, ನಾವು ಗುಂಡಿ ಒತ್ತಿದಾಗ ಗಟ್ಟಿಯಾಗುವುದು ಹೇಗೆ?

ಹಾಲಿನ ಪ್ರೋಟೀನಿನಲ್ಲಿ ಸುಮಾರು ಶೇಕಡ 80 ಭಾಗ ಕೇಸಿನ್. ಹೆಪ್ಪು ಹಾಕಿದ ಮೇಲೆ ಹುಳಿ ಏರುತ್ತ ಏರುತ್ತ ಆಮ್ಲತೆಯ ಅಳತೆ, ಅಂದರೆ ಪಿಎಚ್, 4.6ರ ಹತ್ತಿರ ಬಂದಾಗ ಕೇಸಿನ್ ಕಣಗಳು ಒಂದಕ್ಕೊಂದು ಅಂಟಿಕೊಂಡು ಬಲೆಯಾಗುತ್ತವೆ. ಹಾಲಿನಲ್ಲಿದ್ದ ನೀರೆಲ್ಲ ಆ ಬಲೆಯ ಕಣ್ಣುಗಳಲ್ಲಿ ಸಿಕ್ಕಿಕೊಳ್ಳುತ್ತದೆ. ಮೊಸರಿನ ಗಟ್ಟಿತನವೆಂದರೆ ಈ ಬಲೆಯ ಗಟ್ಟಿತನ. ಬಟ್ಟೆಯಲ್ಲಿ ಕಟ್ಟಿ ನೇತುಹಾಕಿದಾಗ ನೀರು ಮೆಲ್ಲಗೆ ಇಳಿದು ಬಲೆ ಒತ್ತಾಗುತ್ತದೆ. ಮಿಕ್ಸಿಯ ಅಲಗು ಆ ಬಲೆಯನ್ನೇ ಕತ್ತರಿಸುತ್ತದೆ. ಆಮೇಲೆ ಫ್ರಿಜ್ಜಿನಲ್ಲಿಟ್ಟರೆ ಸ್ವಲ್ಪ ಚೇತರಿಸಿಕೊಳ್ಳುತ್ತದೆ, ಮೊದಲಿನಂತೆ ಆಗುವುದಿಲ್ಲ. ರಾತ್ರಿಯಿಡೀ ಬಸಿದು ಗಳಿಸಿದ್ದನ್ನು ನೀವು ಒಂದೇ ನಿಮಿಷದಲ್ಲಿ ಕಳೆದುಕೊಂಡಿರಿ.

ಸೊಪ್ಪನ್ನೂ ಅದರಲ್ಲೇ ಅರೆದದ್ದು ಎರಡನೆಯ ಪೆಟ್ಟು. ಹಸಿ ಸೊಪ್ಪಿನ ತೂಕದಲ್ಲಿ ಬಹುಪಾಲು ನೀರೇ ಇರುತ್ತದೆ. ಚಾಕುವಿನಲ್ಲಿ ಹೆಚ್ಚಿದರೆ ಅದು ಎಲೆಯೊಳಗೇ ಉಳಿಯುತ್ತದೆ, ಅರೆದರೆ ಹೊರಗೆ ಬರುತ್ತದೆ.

ಹಾಗಾದರೆ ತಿರುಗಿಸಿದಷ್ಟೂ ಗಟ್ಟಿಯಾಗುತ್ತದೆಂಬ ನಂಬಿಕೆ ಎಲ್ಲಿಂದ ಬಂತು? ಐಸ್‌ಕ್ರೀಮ್ ಕೇಕಿನ ಕೆನೆಯನ್ನು ಹದವಾಗಿ ಬಡಿದರೆ ಉಬ್ಬಿ ನಿಲ್ಲುತ್ತದೆ, ನಿಜ. ಆ ಕೆನೆಯಲ್ಲಿ ಶೇಕಡ 30ಕ್ಕೂ ಹೆಚ್ಚು ಕೊಬ್ಬಿರುತ್ತದೆ, ಗಾಳಿಯ ಗುಳ್ಳೆಗಳನ್ನು ಹಿಡಿದಿಡುವುದು ಆ ಕೊಬ್ಬು. ಮೊಟ್ಟೆ, ಎಣ್ಣೆ ಸೇರಿಸಿ ಮಾಡುವ ಮೇಯನೇಸ್ ಕೂಡ ತಿರುಗಿಸಿದಷ್ಟೂ ಗಟ್ಟಿಯಾಗುತ್ತದೆ, ಏಕೆಂದರೆ ಎಣ್ಣೆಯ ಹನಿಗಳು ಸಣ್ಣದಾದಷ್ಟೂ ಒತ್ತೊತ್ತಾಗಿ ಕೂರುತ್ತವೆ. ಇವೆರಡೂ ಕೊಬ್ಬಿನ ಬಲದ ಮೇಲೆ ನಿಂತವು, ಮೊಸರು ಪ್ರೋಟೀನಿನ ಬಲದ ಮೇಲೆ ನಿಂತದ್ದು. ಅಮೆರಿಕದ ಮನೆಗಳಲ್ಲಿ ರೈ ಎಂಬ ಧಾನ್ಯದ ಬ್ರೆಡ್ಡಿನೊಳಗೆ ತುಂಬುವ ಸಬ್ಬಸಿಗೆ ಡಿಪ್ಪಿಗೆ ಸೋರ್ ಕ್ರೀಮ್, ಅಂದರೆ ಹುಳಿ ಬರಿಸಿದ ಕೆನೆ, ಮತ್ತು ಮೇಯನೇಸ್ ಬಳಸುತ್ತಾರೆ. ಅಲ್ಲಿನ ನಿಯಮದ ಪ್ರಕಾರ ಸೋರ್ ಕ್ರೀಮಿನಲ್ಲಿ ಕನಿಷ್ಠ ಶೇಕಡ 18 ಕೊಬ್ಬಿರಬೇಕು. ಹಸುವಿನ ಹಾಲಿನ ಮೊಸರಿನಲ್ಲಿ ಇರುವುದು ಸುಮಾರು ನಾಲ್ಕು. ಅವರ ವಿಡಿಯೊ ನೋಡಿ ನಮ್ಮ ಮೊಸರನ್ನು ಅದೇ ರೀತಿ ನಡೆಸಿಕೊಂಡರೆ ಮೊಸರು ಕೇಳುವುದಿಲ್ಲ.

ನಂಬಿಕೆ ಬಾರದಿದ್ದರೆ ಬಸಿದ ಮೊಸರಿನಿಂದ ಎರಡು ಲೋಟ ತುಂಬಿಕೊಳ್ಳಿ. ಒಂದನ್ನು ಚಮಚದಲ್ಲಿ ಮೆಲ್ಲಗೆ ಕಲಸಿ, ಇನ್ನೊಂದನ್ನು ಅರ್ಧ ನಿಮಿಷ ಮಿಕ್ಸಿಗೆ ಹಾಕಿ. ಎರಡಕ್ಕೂ ಚಮಚ ಚುಚ್ಚಿ ನೋಡಿ. ನನ್ನ ಅಡುಗೆಮನೆಯಲ್ಲಿ ಈ ಪರೀಕ್ಷೆಯನ್ನು ಕಣ್ಣಾರೆ ಕಂಡ ಯಾರೂ ಆಮೇಲೆ ನನ್ನೊಡನೆ ವಾದಿಸಿಲ್ಲ.

ಕಾರ್ನ್‌ಫ್ಲೋರ್ ಬೆರೆಸುವವರಿಗೂ ಒಂದು ಮಾತು: ಅದು ಬಿಸಿ ತಾಗದೆ ಗಟ್ಟಿಯಾಗುವುದಿಲ್ಲ. ತಣ್ಣಗಿನ ಮೊಸರಿಗೆ ಹಾಕಿದರೆ ನಾಲಿಗೆಗೆ ಹಿಟ್ಟು ಸಿಗುತ್ತದೆ.

ಈಗ ಮಾಡುವ ಕ್ರಮ. ಒಂದು ಲೀಟರ್ ಮೊಸರನ್ನು ತೆಳು ಹತ್ತಿ ಬಟ್ಟೆಯಲ್ಲಿ ಗಂಟು ಕಟ್ಟಿ, ಫ್ರಿಜ್ಜಿನೊಳಗೆ ಜರಡಿಯ ಮೇಲಿಟ್ಟು ರಾತ್ರಿಯಿಡೀ ಬಸಿಯಿರಿ. ಹೊರಗೆ ನೇತುಹಾಕಿದರೆ ಹುಳಿ ಏರುತ್ತದೆ. ಸುಮಾರು 400 ಗ್ರಾಂ ಸಿಗುತ್ತದೆ. ಎರಡು ಚಮಚ ಮನೆಯ ಕೆನೆ ಸೇರಿಸಿ. ಸಬ್ಬಸಿಗೆಯನ್ನು ತೊಳೆದು, ಬಟ್ಟೆಯ ಮೇಲೆ ಹರಡಿ, ನೀರಿನ ಪಸೆ ಪೂರ್ತಿ ಆರಿದ ಮೇಲೆ ಸಣ್ಣಗೆ ಹೆಚ್ಚಿ. ಒಂದು ಹಿಡಿ ಸಾಕು. ಜೊತೆಗೆ ನಾಲ್ಕು ಎಲೆ ಪುದೀನ, ಜಜ್ಜಿದ ಒಂದು ಎಸಳು ಬೆಳ್ಳುಳ್ಳಿ, ಕಾಳುಮೆಣಸಿನ ಪುಡಿ. ಚಮಚದಲ್ಲಿ ಮಡಚುತ್ತ ಕಲಸಿ ಒಂದು ಗಂಟೆ ತಣ್ಣಗಿಡಿ, ಸೊಪ್ಪಿನ ಪರಿಮಳ ಕೆನೆಗೆ ಇಳಿಯುತ್ತದೆ. ಉಪ್ಪು ಸೊಪ್ಪಿನಿಂದ ನೀರು ಎಳೆಯುತ್ತದೆ, ಆದ್ದರಿಂದ ಅದನ್ನು ಬಡಿಸುವ ತುಸುವೇ ಮೊದಲು ಹಾಕಿ.

ಬ್ರೆಡ್ಡಿಗೆ ಸಿಹಿ ಬನ್ನು ಬೇಡ. ಬೇಕರಿಯಲ್ಲಿ ಹಿಂದಿನ ದಿನವೇ ಹೇಳಿ, ಸಕ್ಕರೆ ಕಡಿಮೆ ಇರುವ, ಮೇಲ್ಪದರ ಗಟ್ಟಿಯಾದ ದುಂಡು ಬ್ರೆಡ್ ಮಾಡಿಸಿಕೊಳ್ಳಿ. ಮುಚ್ಚಳದಂತೆ ಮೇಲ್ಭಾಗ ಕೊಯ್ದು, ಹೆಬ್ಬೆರಳಿನಷ್ಟು ದಪ್ಪದ ಗೋಡೆ ಉಳಿಸಿ ತಿರುಳು ತೆಗೆಯಿರಿ. ಒಳಗೆಲ್ಲ ತುಪ್ಪ ಸವರಿ. ಜಿಡ್ಡು ನೀರನ್ನು ತಡೆಯುತ್ತದೆ. ಓವನ್ ಇದ್ದರೆ 160 ಡಿಗ್ರಿಯಲ್ಲಿ ಹತ್ತು ನಿಮಿಷ, ಇಲ್ಲವಾದರೆ ದೋಸೆ ಕಾವಲಿಯ ಮೇಲೆ ಸಣ್ಣ ಉರಿಯಲ್ಲಿ ಮಗುಚುತ್ತ ಗರಿಯಾಗಿಸಿ. ಆಷಾಢದಲ್ಲಿ ತೀರ್ಥಹಳ್ಳಿ, ಆಗುಂಬೆಯ ಕಡೆ ಉಪ್ಪು ಸಹ ಡಬ್ಬಿಯಲ್ಲೇ ಕರಗುತ್ತದೆ, ಬ್ರೆಡ್ ಎಷ್ಟು ಹೊತ್ತು ಗರಿಯಾಗಿದ್ದೀತು? ಅತಿಥಿಗಳು ಚಾಪೆಯ ಮೇಲೆ ಕುಳಿತ ಮೇಲೆ ತುಂಬಿ. ತೆಗೆದ ತಿರುಳನ್ನೂ ತುಂಡು ಮಾಡಿ ಹುರಿದಿಟ್ಟರೆ ಅದ್ದಿಕೊಳ್ಳಲು ಆಗುತ್ತದೆ.

ಇನ್ನು, ಯಾರೂ ಕೇಳದಿದ್ದರೂ ನಾನು ಹೇಳಲೇಬೇಕಾದ ಸಂಗತಿಯೊಂದಿದೆ. ಬಸಿದ ನೀರನ್ನು ಏನು ಮಾಡಿದಿರಿ? ಚೆಲ್ಲಿದ್ದರೆ ನನಗೆ ನಿಜವಾಗಿ ಬೇಸರ. ಅದರ ಎಳೆ ಹಸಿರು ಮಿಶ್ರಿತ ಹಳದಿ ಬಣ್ಣ ರೈಬೋಫ್ಲೇವಿನ್ ಎಂಬ ಬಿ ಜೀವಸತ್ವದ್ದು. ಸುಣ್ಣದ ಅಂಶವೂ ಅದರಲ್ಲಿ ಸಾಕಷ್ಟಿದೆ. ಹಿತ್ತಿಲಿನಿಂದ ಹತ್ತು ದೊಡ್ಡಪತ್ರೆ ಎಲೆ ಕಿತ್ತು ತನ್ನಿ. ಪೇಟೆಯಲ್ಲಿ ಸಣ್ಣ ಪೊಟ್ಟಣಕ್ಕೆ ದುಡ್ಡು ಕೊಟ್ಟು ತರುವ ಒರೆಗಾನೊದ ಘಮಕ್ಕೆ ಕಾರಣವಾದ ಕಾರ್ವಕ್ರಾಲ್ ಎಂಬ ಅಂಶ ಈ ಎಲೆಯಲ್ಲೂ ಇದೆ. ಜೀರಿಗೆ, ಕಾಳುಮೆಣಸಿನೊಡನೆ ತುಪ್ಪದಲ್ಲಿ ಬಾಡಿಸಿ, ಕಾಯಿತುರಿ ಹಾಕಿ ನುಣ್ಣಗೆ ಅರೆಯಿರಿ. ಇಲ್ಲಿ ಮಿಕ್ಸಿಯನ್ನು ಧಾರಾಳವಾಗಿ ಬಳಸಿ. ಬಸಿದ ನೀರು, ಒಂದು ಸೌಟು ಮೊಸರು, ಉಪ್ಪು ಬೆರೆಸಿ ಒಗ್ಗರಣೆ ಕೊಟ್ಟರೆ ಮಧ್ಯಾಹ್ನದ ಊಟಕ್ಕೆ ತಂಬುಳಿ ಸಿದ್ಧ.