ನೋಡುವವರಿಲ್ಲದ ವೇಷ: ರೋಲ್ ಪ್ಲೇ ನಡೆದು ಬಂದ ದಾರಿ

1974ರ ಜನವರಿಯಲ್ಲಿ ಅಮೆರಿಕದ ವಿಸ್ಕಾನ್ಸಿನ್ ರಾಜ್ಯದ ಲೇಕ್ ಜಿನೀವಾ ಎಂಬ ಸಣ್ಣ ಊರಿನಿಂದ ಒಂದು ಆಟ ಮಾರಾಟಕ್ಕೆ ಬಂತು. ಮರದ ಬಣ್ಣದ ರಟ್ಟಿನ ಪೆಟ್ಟಿಗೆ, ಒಳಗೆ ಮೂರು ತೆಳು ಪುಸ್ತಕ, ಬೆಲೆ 10 ಡಾಲರ್. ಮೊದಲ ಸಲ ಅಚ್ಚಾದದ್ದು 1000 ಪ್ರತಿ. ಆಟದ ಹೆಸರು ‘ಡಂಜನ್ಸ್ ಅಂಡ್ ಡ್ರ್ಯಾಗನ್ಸ್’. ರೋಲ್ ಪ್ಲೇಯಿಂಗ್ ಗೇಮ್, ಅಂದರೆ ಬೇರೊಬ್ಬರ ಪಾತ್ರವಾಗಿ ಆಡುವ ಆಟ, ಅಂದಾಗ ಇವತ್ತು ಜಗತ್ತಿಗೆಲ್ಲ ಮೊದಲು ನೆನಪಾಗುವುದು ಇದೇ. ತಮಾಷೆ ಏನಂದರೆ, ಆ ಪೆಟ್ಟಿಗೆಯ ಮುಚ್ಚಳದ ಮೇಲೆ ರೋಲ್ ಪ್ಲೇಯಿಂಗ್ ಅನ್ನುವ ಮಾತೇ ಇರಲಿಲ್ಲ. ಕಾಗದ, ಪೆನ್ಸಿಲ್, ಪುಟ್ಟ ಗೊಂಬೆಗಳನ್ನಿಟ್ಟುಕೊಂಡು ಆಡುವ ಮಧ್ಯಯುಗದ ಯುದ್ಧದಾಟದ ನಿಯಮಗಳು ಅಂತ ಬರೆದಿತ್ತು, ಅಷ್ಟೇ.

ಅದೇ ವರ್ಷ ಮೇ ತಿಂಗಳಲ್ಲಿ ನ್ಯೂಯಾರ್ಕ್ ರಾಜ್ಯದ ಬೀಕನ್ ಊರಲ್ಲಿ ಜೇಕಬ್ ಲೆವಿ ಮೊರೆನೊ ತೀರಿಕೊಂಡರು. ಮನೋವೈದ್ಯರು. ರೋಲ್ ಪ್ಲೇಯಿಂಗ್ ಅನ್ನುವುದನ್ನು ಆಸ್ಪತ್ರೆ, ಶಾಲೆ, ಕಾರ್ಖಾನೆಗಳಿಗೆಲ್ಲ ಹತ್ತಿಸಿದವರಲ್ಲಿ ಮೊದಲಿಗರು. ಅವರ ಕೈಯಲ್ಲಿ ಅದು ಚಿಕಿತ್ಸೆಯಾಗಿತ್ತು. ಒಂದೆರಡು ವರ್ಷ ಕಳೆಯುವುದರೊಳಗೆ ದಾಳ ಉರುಳಿಸುವ ಹುಡುಗರು ಅದೇ ಮಾತನ್ನು ತಮ್ಮ ಆಟಕ್ಕೆ ಇಟ್ಟುಕೊಂಡರು.

ಆಮೇಲಂತೂ ಅದು ಹೋಗದ ಜಾಗವಿಲ್ಲ. ಎಚ್‌ಆರ್‌ನವರ ಟ್ರೇನಿಂಗ್, ಮೆಡಿಕಲ್ ಕಾಲೇಜು, ಇಂಗ್ಲಿಷ್ ಕಲಿಸುವ ಕ್ಲಾಸು, ಗಂಡ ಹೆಂಡತಿಯ ಖಾಸಗಿ ಕೋಣೆ, ಹುಡುಗರು ಆಡುವ ‘ಜಿಟಿಎ’ ಎಂಬ ವಿಡಿಯೊ ಗೇಮಿನ ಸರ್ವರ್, ಈಗ ಎಐ ಚಾಟ್. ಎಲ್ಲ ಕಡೆ ಅರ್ಥ ಬೇರೆ ಬೇರೆ ಅನ್ನಿಸುತ್ತದೆ. ಆದರೆ ನನಗೆ ಕಾಣುವಂತೆ ಒಂದು ಎಳೆ ಎಲ್ಲದರಲ್ಲೂ ಇದೆ. ನಾಟಕ ಆಡುವುದು ನೋಡುವವರಿಗೋಸ್ಕರ. ರೋಲ್ ಪ್ಲೇ ಮಾಡುವುದು ಮಾಡುವವರಿಗೋಸ್ಕರ. ಈ ಎಳೆ ಹಿಡಿದು ಹೋದರೆ ಅದು ಎಲ್ಲಿ ಕೆಲಸಕ್ಕೆ ಬಂತು, ಎಲ್ಲಿ ಕೆಟ್ಟಿತು ಅನ್ನುವುದೂ ಗೊತ್ತಾಗುತ್ತದೆ.

ಶುರು ವಿಯೆನ್ನಾದಿಂದ. ಮೊರೆನೊ ಹುಟ್ಟಿದ್ದು 1889ರಲ್ಲಿ, ಬುಕಾರೆಸ್ಟ್‌ನಲ್ಲಿ. ಓದಿದ್ದು ವಿಯೆನ್ನಾದಲ್ಲಿ, ವೈದ್ಯಕೀಯ. 1921ರ ಏಪ್ರಿಲ್ 1ರ ರಾತ್ರಿ ಅಲ್ಲಿನ ಒಂದು ನಾಟಕಶಾಲೆಯಲ್ಲಿ ಪರದೆ ಸರಿಯಿತು. ರಂಗದ ಮೇಲೆ ಒಂದು ಸಿಂಹಾಸನ, ಒಂದು ಕಿರೀಟ, ಪಕ್ಕದಲ್ಲಿ ಮೊರೆನೊ. ನಟರಿಲ್ಲ, ಬರೆದ ಮಾತಿಲ್ಲ. ಮಹಾಯುದ್ಧ ಸೋತು ಸಾಮ್ರಾಜ್ಯ ಕುಸಿದಿತ್ತು, ಚಕ್ರವರ್ತಿ ಹೋಗಿದ್ದ. ನಿಮ್ಮಲ್ಲಿ ಯಾರಾದರೂ ಬಂದು ಕೂತು ರಾಜ್ಯ ಹೇಗೆ ನಡೆಸುತ್ತೀರಿ ತೋರಿಸಿ ಅಂತ ಸಭಿಕರನ್ನೇ ಕರೆದರು. ಕೆಲವರು ಹತ್ತಿದರು, ಯಾರೂ ಒಪ್ಪಿಗೆಯಾಗಲಿಲ್ಲ. ಕಾರ್ಯಕ್ರಮ ನೆಲಕಚ್ಚಿತು.

ಮೊರೆನೊ ಬಿಡಲಿಲ್ಲ. ಮೊದಲೇ ಬರೆದಿಡದೆ ಆ ಕ್ಷಣಕ್ಕೆ ಹೊಳೆದದ್ದನ್ನೇ ಆಡುವ ಒಂದು ಪುಟ್ಟ ರಂಗ ಕಟ್ಟಿದರು. ಅಲ್ಲಿನ ಒಂದು ಪ್ರಸಂಗವನ್ನು ಅವರೇ ಮುಂದೆ ಮತ್ತೆ ಮತ್ತೆ ಹೇಳಿದ್ದಾರೆ. ಬಾರ್ಬರಾ ಅನ್ನುವ ನಟಿ ಯಾವಾಗಲೂ ಸಾಧ್ವಿಯರ ಪಾತ್ರವನ್ನೇ ಮಾಡುತ್ತಿದ್ದಳು. ಅವಳ ಗಂಡ ಬಂದು ಗೋಳಿಟ್ಟ: ಇಲ್ಲಿ ದೇವತೆ, ಮನೆಗೆ ಬಂದರೆ ಬೈಗುಳ, ಹೊಡೆತ. ಆ ದಿನದ ಪೇಪರಿನಲ್ಲಿ ಬೀದಿಯ ಹೆಣ್ಣೊಬ್ಬಳ ಕೊಲೆಯ ಸುದ್ದಿ ಇತ್ತು. ಆ ಪಾತ್ರವನ್ನು ಬಾರ್ಬರಾಗೆ ಕೊಟ್ಟರು. ಅವಳು ರಂಗದ ಮೇಲೆ ಬಾಯಿಗೆ ಬಂದಂತೆ ಬೈದಳು, ಒದ್ದಳು, ಕಿರುಚಿದಳು. ಇಂಥ ಪಾತ್ರಗಳೇ ಮುಂದುವರಿದವು. ಕೆಲವು ದಿನ ಕಳೆದ ಮೇಲೆ ಗಂಡ ಹೇಳಿದ್ದು, ಮನೆಯಲ್ಲಿ ಜಗಳ ಶುರುವಾದರೂ ಅವಳಿಗೆ ನಡುವೆ ನಗು ಬಂದುಬಿಡುತ್ತದೆ ಅಂತ. ಆಮೇಲೆ ಗಂಡನನ್ನೂ ರಂಗ ಹತ್ತಿಸಿದರು. ಕಥೆಗೆ ಸ್ವಲ್ಪ ಉಪ್ಪು ಖಾರ ಸೇರಿರಬಹುದು, ಹೇಳಿದವರೇ ಅದರ ನಾಯಕರಲ್ವಾ! ಆದರೂ ತಿರುವು ಸ್ಪಷ್ಟ. ನೋಡುವವರಿಗೆ ಏನನ್ನಿಸಿತು ಅನ್ನುವುದು ಹಿಂದಕ್ಕೆ ಹೋಯಿತು. ಆಡಿದವಳಿಗೆ ಏನಾಯಿತು ಅನ್ನುವುದು ಮುಂದಕ್ಕೆ ಬಂತು.

1925ರಲ್ಲಿ ಮೊರೆನೊ ಅಮೆರಿಕಕ್ಕೆ ಹೋದರು. 1936ರಲ್ಲಿ ಬೀಕನ್‌ನಲ್ಲಿ ಆಸ್ಪತ್ರೆ ತೆರೆದು ಅದರೊಳಗೇ ಒಂದು ರಂಗಮಂದಿರ ಕಟ್ಟಿದರು. ಮಗ ಅಪ್ಪನಾಗಿ ಮಾತಾಡುವುದು, ಅಪ್ಪ ಮಗನಾಗಿ ಉತ್ತರ ಕೊಡುವುದು, ಖಾಲಿ ಕುರ್ಚಿಯಲ್ಲಿ ಸತ್ತವರು ಕೂತಿದ್ದಾರೆ ಅಂದುಕೊಂಡು ಹೇಳದೇ ಉಳಿದದ್ದನ್ನು ಹೇಳಿಬಿಡುವುದು, ಇವೆಲ್ಲ ಬೆಳೆದದ್ದು ಈ ದಾರಿಯಲ್ಲಿ. ಇಂದಿನ ಆಪ್ತಸಮಾಲೋಚಕರಲ್ಲೂ ಅನೇಕರು ಇದನ್ನು ಬಳಸುತ್ತಾರೆ.

ಮುಂದೆ ಅದು ಕಾರ್ಖಾನೆಗೆ ಬಂತು. 1940ರ ದಶಕದಲ್ಲಿ ವರ್ಜೀನಿಯಾದ ಹಾರ್‌ವುಡ್ ಎಂಬ ಪೈಜಾಮ ಕಂಪನಿಯಲ್ಲಿ ಕರ್ಟ್ ಲೆವಿನ್ ಅವರ ಬಳಗದ ಮನಶ್ಶಾಸ್ತ್ರಜ್ಞರು ಮೇಸ್ತ್ರಿಗಳಿಗೆ ಇದರಿಂದ ತರಬೇತಿ ಕೊಟ್ಟರು. ತಡವಾಗಿ ಬರುವ ಕೆಲಸಗಾರನನ್ನು ಹೇಗೆ ಮಾತಾಡಿಸಬೇಕು ಅಂತ ಭಾಷಣ ಕೊಡುವ ಬದಲು, ಒಬ್ಬ ಮೇಸ್ತ್ರಿಯನ್ನೇ ಕೆಲಸಗಾರನಾಗಿ ಕೂರಿಸುವುದು. ಯುದ್ಧ ಮುಗಿದ ಮೇಲೆ ಮ್ಯಾನೇಜರುಗಳ ತರಬೇತಿಗೆಲ್ಲ ಇದೇ ಮಾದರಿಯಾಯಿತು.

ಬೆಂಗಳೂರಿನ ಕಾಲ್ ಸೆಂಟರುಗಳ ಕಾಲದಲ್ಲಿ ಇದನ್ನು ಕಂಡವರು ಸಾವಿರಾರು ಜನ. ಮಾಕ್ ಕಾಲ್ ಅಂತಿದ್ದರು. ಟ್ರೇನರ್ ಸಿಟ್ಟಿಗೆದ್ದ ಅಮೆರಿಕನ್ ಗಿರಾಕಿ, ಹೊಸದಾಗಿ ಸೇರಿದ ಹುಡುಗಿ ಏಜೆಂಟ್. ತಪ್ಪಿದರೆ ಎಲ್ಲರೂ ನಗುತ್ತಾರೆ, ಮತ್ತೆ ಮೊದಲಿಂದ. ಇದು ರೋಲ್ ಪ್ಲೇ. ಅದೇ ಹುಡುಗಿ ರಾತ್ರಿ ಪಾಳಿಯಲ್ಲಿ ನಿಜವಾದ ಗಿರಾಕಿಗೆ ನನ್ನ ಹೆಸರು ಸೂಸನ್ ಅಂದರೆ? ಅದು ರೋಲ್ ಪ್ಲೇ ಅಲ್ಲ. ಆ ಕಡೆಯವರಿಗೆ ಇದು ಆಟ ಅಂತ ಗೊತ್ತಿಲ್ಲ. ಇಬ್ಬರಿಗೂ ಗೊತ್ತಿದ್ದರಷ್ಟೇ ಆಟ.

ವೈದ್ಯಕೀಯದಲ್ಲಿ ಇದನ್ನು ತಂದವರು ಹೊವರ್ಡ್ ಬ್ಯಾರೋಸ್ ಎಂಬ ನರರೋಗ ತಜ್ಞರು. 1963ರಲ್ಲಿ ಲಾಸ್ ಏಂಜಲೀಸ್‌ನಲ್ಲಿ ಅವರು ಒಬ್ಬ ಮಾಡೆಲ್‌ಗೆ ಪಾಠ ಹೇಳಿ, ಸೊಂಟದ ಕೆಳಗೆ ಸ್ವಾಧೀನ ತಪ್ಪಿದ ರೋಗಿಯ ಪಾತ್ರ ಮಾಡಿಸಿದರು. ವಿದ್ಯಾರ್ಥಿಗಳು ಅವಳನ್ನು ಪರೀಕ್ಷಿಸಬೇಕು, ಆಮೇಲೆ ಅವರು ಹೇಗೆ ನಡೆದುಕೊಂಡರು ಅಂತ ಅವಳು ಹೇಳಬೇಕು. ಅಂದಿನ ದೊಡ್ಡ ಡಾಕ್ಟರುಗಳಲ್ಲಿ ಹಲವರು ಮೂಗು ಮುರಿದರು. ಕೊನೆಗೆ ಅದೇ ಪರೀಕ್ಷೆಯಾಗಿ ನಿಂತಿತು. 2004ರಿಂದ 2020ರವರೆಗೆ ಅಮೆರಿಕದ ವೈದ್ಯಕೀಯ ಲೈಸೆನ್ಸ್ ಪರೀಕ್ಷೆಯಲ್ಲಿ ಇಂಥ 12 ನಟ ರೋಗಿಗಳನ್ನು ತಲಾ 15 ನಿಮಿಷದಲ್ಲಿ ನೋಡಬೇಕಿತ್ತು. ಅಲ್ಲಿ ಕೆಲಸ ಮಾಡಬೇಕಿದ್ದ ನಮ್ಮ ಕಡೆಯ ಡಾಕ್ಟರುಗಳೂ ಇದಕ್ಕಾಗಿಯೇ ವಿಮಾನ ಹತ್ತುತ್ತಿದ್ದರು. ಕೋವಿಡ್‌ನಲ್ಲಿ ನಿಂತದ್ದು ಮತ್ತೆ ಶುರುವಾಗಲಿಲ್ಲ. ನಮ್ಮ ಎಂಬಿಬಿಎಸ್‌ನಲ್ಲಿ 2019ರಿಂದ ಬಂದ ಹೊಸ ಪಠ್ಯಕ್ರಮದಲ್ಲಿ ರೋಗಿಯೊಡನೆ ಮಾತಾಡುವುದನ್ನು ಕಲಿಸುವ ಎಟ್‌ಕಾಂ ಅನ್ನುವ ಭಾಗವಿದೆ. ಅಲ್ಲೂ ರೋಲ್ ಪ್ಲೇ ಉಂಟು.

ಈಗ ಕೆಟ್ಟ ಉದಾಹರಣೆ. 1971ರ ಆಗಸ್ಟ್. ಸ್ಟ್ಯಾನ್‌ಫರ್ಡ್ ವಿಶ್ವವಿದ್ಯಾಲಯದ ನೆಲಮಾಳಿಗೆಯಲ್ಲಿ ಫಿಲಿಪ್ ಜಿಂಬಾರ್ಡೊ ಒಂದು ಸುಳ್ಳು ಜೈಲು ಮಾಡಿದರು. ದಿನಕ್ಕೆ 15 ಡಾಲರ್ ಕೊಟ್ಟು ಹುಡುಗರನ್ನು ತಂದು ಕೆಲವರನ್ನು ಕೈದಿ, ಕೆಲವರನ್ನು ಕಾವಲುಗಾರ ಮಾಡಿದರು. ಎರಡು ವಾರ ಅಂದುಕೊಂಡದ್ದು 6 ದಿನಕ್ಕೆ ನಿಂತಿತು. ಕಾವಲುಗಾರರ ಕ್ರೌರ್ಯ ಅಷ್ಟಕ್ಕೆ ಹೋಗಿತ್ತು. ವೇಷ ಹಾಕಿದರೆ ಮನುಷ್ಯ ಅದೇ ಆಗಿಬಿಡುತ್ತಾನೆ ಅಂತ ಪಠ್ಯಪುಸ್ತಕಗಳು ಇದನ್ನು ದಶಕಗಳ ಕಾಲ ಹೇಳಿದವು. ಆದರೆ ಎಲ್ಲರಿಗಿಂತ ಕ್ರೂರಿ ಅನ್ನಿಸಿಕೊಂಡಿದ್ದ ಕಾವಲುಗಾರ ಆಮೇಲೆ ಹೇಳಿದ್ದೇ ಬೇರೆ: ನಾನು ಬೇಕಂತಲೇ ನಟಿಸುತ್ತಿದ್ದೆ, ಪ್ರಯೋಗ ಮಾಡುವವರಿಗೆ ಇದೇ ಬೇಕಿತ್ತು ಅಂದುಕೊಂಡಿದ್ದೆ. ಗಡುಸಾಗಿರಿ ಅಂತ ಕಾವಲುಗಾರರಿಗೆ ಒತ್ತಾಯ ಮಾಡಿದ್ದೂ ಹಳೆಯ ಧ್ವನಿಮುದ್ರಣಗಳಿಂದ ಹೊರಬಿತ್ತು. ಅಂದರೆ ಅಲ್ಲಿ ನೋಡುವವರಿದ್ದರು. ಅವರ ಮೆಚ್ಚುಗೆಗಾಗಿ ಆಟ ನಡೆಯಿತು. ಕೈದಿಗಳಾಗಿದ್ದವರಿಗೆ ಹೊರಗೆ ಹೋಗುವ ಬಾಗಿಲು ಎಲ್ಲಿದೆ ಅಂತಲೇ ಸರಿಯಾಗಿ ಗೊತ್ತಿರಲಿಲ್ಲ.

ಆಟದ ಕಡೆಯ ಬೇರು ಹುಡುಕಿದರೆ ಹಿಂದಿನ ಜರ್ಮನ್ ರಾಜ್ಯ ಪ್ರಷ್ಯಾದ ಸೈನ್ಯ ಸಿಗುತ್ತದೆ. 1824ರಲ್ಲಿ ರೈಸ್‌ವಿಟ್ಜ್ ಅನ್ನುವ ಅಧಿಕಾರಿ, ತಂದೆ ಶುರು ಮಾಡಿದ್ದ ಯುದ್ಧದಾಟವನ್ನು ತಿದ್ದಿ ನಿಯಮಗಳನ್ನು ಅಚ್ಚು ಹಾಕಿಸಿದ. ನಕ್ಷೆಯ ಮೇಲೆ ಎರಡು ಪಡೆ, ನಡುವೆ ಒಬ್ಬ ತೀರ್ಪುಗಾರ. ಸೇನಾಪತಿಯ ಕಣ್ಣಿಗೆ ಎಷ್ಟು ಬೀಳಬಹುದೋ ಅಷ್ಟನ್ನು ಮಾತ್ರ ತೀರ್ಪುಗಾರ ಹೇಳುತ್ತಾನೆ. ಇದು ಆಟವಲ್ಲ, ಯುದ್ಧದ ತರಬೇತಿ ಅಂತ ಸೈನ್ಯದ ಮುಖ್ಯಸ್ಥ ಮುಫ್ಲಿಂಗ್ ಉದ್ಗರಿಸಿದನಂತೆ.

ಅಲ್ಲಿಂದ ಒಂದು ದೊಡ್ಡ ನೆಗೆತ. 1969, ಅಮೆರಿಕದ ಮಿನಿಯಾಪೊಲಿಸ್ ಮತ್ತು ಸೇಂಟ್ ಪಾಲ್ ಅವಳಿ ನಗರ. ಡೇವಿಡ್ ವೆಸ್ಲಿ ಎಂಬ ಯುದ್ಧದಾಟದ ಹುಚ್ಚಿನವರು ಬ್ರೌನ್‌ಸ್ಟೈನ್ ಎಂಬ ಕಾಲ್ಪನಿಕ ಜರ್ಮನ್ ಊರಿನ ಆಟ ಹೂಡಿದರು. ಸೇನಾಪತಿಗಳ ಜೊತೆಗೆ ಸುಮ್ನೆ ಇರಲಿ ಅಂತ ಮೇಯರ್, ಬ್ಯಾಂಕಿನವನು ಇಂಥ ಪಾತ್ರಗಳನ್ನೂ ಹಂಚಿದರು. ಆಟಗಾರರು ಮೇಜು ಬಿಟ್ಟು ಮೂಲೆ ಮೂಲೆಗೆ ಹೋಗಿ ಪಿಸುಗುಟ್ಟಿ ಒಪ್ಪಂದ ಮಾಡಿಕೊಳ್ಳತೊಡಗಿದರು. ಯುದ್ಧ ಶುರುವಾಗಲೇ ಇಲ್ಲ. ಆಟ ಕೆಟ್ಟುಹೋಯಿತು ಅಂತ ವೆಸ್ಲಿ ತಲೆ ಮೇಲೆ ಕೈ ಹೊತ್ತರು. ಆಡಿದವರು ಇನ್ನೊಮ್ಮೆ ಮಾಡಿ ಅಂತ ಬೆನ್ನು ಬಿದ್ದರು. ಅವರಲ್ಲೊಬ್ಬರು ಡೇವ್ ಆರ್ನೆಸನ್. ಅವರು ಇದಕ್ಕೆ ಕೋಟೆ, ನೆಲಮಾಳಿಗೆ, ರಾಕ್ಷಸರನ್ನು ಸೇರಿಸಿದರು. ಲೇಕ್ ಜಿನೀವಾದ ಗ್ಯಾರಿ ಗೈಗ್ಯಾಕ್ಸ್ ಜೊತೆ ಸೇರಿದ ಮೇಲೆ ಬಂದದ್ದೇ ಆ ಮರದ ಬಣ್ಣದ ಪೆಟ್ಟಿಗೆ.

ಆಡುವುದು ಹೇಗೆ? ನಾಲ್ಕೈದು ಜನ ಮೇಜಿನ ಸುತ್ತ. ಒಬ್ಬರು ಡಂಜನ್ ಮಾಸ್ಟರ್, ಪ್ರಷ್ಯಾದ ತೀರ್ಪುಗಾರನ ಮರಿಮೊಮ್ಮಗ ಅನ್ನಿ. ‘ಮುಂದೆ ತುಕ್ಕು ಹಿಡಿದ ಬಾಗಿಲು. ಒಳಗಿಂದ ಉಸಿರಾಟದ ಸದ್ದು.’ ಕಳ್ಳನ ಪಾತ್ರದವಳು ‘ಕೀಲಿಗೆ ಎಣ್ಣೆ ಬಿಟ್ಟು ಮೆಲ್ಲಗೆ ತೆಗೀತೀನಿ’ ಅಂತಾಳೆ. 20 ಮುಖದ ದಾಳ ಉರುಳುತ್ತದೆ. 3 ಬಿತ್ತು. ಬಾಗಿಲು ಕಿರ್ರೆಂದಿತು. ಮುಂದೇನು ಅನ್ನುವುದು ಮಾಸ್ಟರಿಗೂ ಗೊತ್ತಿಲ್ಲ. ಕರಾವಳಿಯವರಿಗೆ ತಾಳಮದ್ದಳೆ ನೆನಪಾಗಬಹುದು. ಅಲ್ಲೂ ವೇಷವಿಲ್ಲ, ಬರೆದ ಮಾತಿಲ್ಲ, ಎದುರಿನವನ ವಾದಕ್ಕೆ ಅರ್ಥಧಾರಿ ಆಗಿಂದಾಗಲೇ ಉತ್ತರ ಕೊಡಬೇಕು. ಆದರೆ ಕರ್ಣ ಎಷ್ಟೇ ಚೆನ್ನಾಗಿ ವಾದಿಸಿದರೂ ಕರ್ಣಪರ್ವದಲ್ಲಿ ಗೆಲ್ಲುವಂತಿಲ್ಲ, ಮತ್ತೆ ಎದುರಿಗೆ ಸಭೆ ಇದೆ. ಇಲ್ಲಿ ಸಭೆಯೂ ಇಲ್ಲ, ಕಥೆಯ ಕೊನೆಯೂ ಗೊತ್ತಿಲ್ಲ.

ಹೊರಗಿನವರಿಗೆ ಹೆದರಿಕೆ ಹುಟ್ಟಿದ್ದೂ ಇದರಿಂದಲೇ. ಮುಚ್ಚಿದ ಬಾಗಿಲ ಹಿಂದೆ ಹುಡುಗರು ಏನೋ ಆಗುತ್ತಿದ್ದಾರೆ! 1979ರಲ್ಲಿ ಮಿಷಿಗನ್‌ನಲ್ಲಿ 16 ವರ್ಷದ ವಿದ್ಯಾರ್ಥಿಯೊಬ್ಬ ಕಾಣೆಯಾದಾಗ, ಆಟದ ಹುಚ್ಚಿನಲ್ಲಿ ಕಾಲೇಜಿನ ಸುರಂಗಗಳಲ್ಲಿ ಕಳೆದುಹೋಗಿದ್ದಾನೆ ಅಂತ ಸುದ್ದಿ ಹಬ್ಬಿತು. ಅವನ ಕಷ್ಟ ಬೇರೆಯೇ ಇತ್ತು, ಮನಸ್ಸು ಕುಗ್ಗಿತ್ತು. ಆದರೂ 1980ರ ದಶಕವಿಡೀ ಅಮೆರಿಕದಲ್ಲಿ ಈ ಆಟಕ್ಕೆ ಸೈತಾನನ ಪೂಜೆ ಅನ್ನುವ ಹಣೆಪಟ್ಟಿ ಅಂಟಿತು. ಮೇಜಿನ ಹತ್ತಿರ ಒಮ್ಮೆ ಕೂತಿದ್ದರೂ ಸಾಕಿತ್ತು. ಅಲ್ಲಿ ಮಾಂತ್ರಿಕ ನಡುವೆ ಎದ್ದು ಚಿಪ್ಸ್ ತರುತ್ತಾನೆ.

ಕಂಪ್ಯೂಟರಿಗೆ ಬಂದಾಗ ಪದ ಇನ್ನೊಂದು ಕಡೆ ವಾಲಿತು. 1981ರ ‘ವಿಜಾರ್ಡ್ರಿ’, ‘ಅಲ್ಟಿಮಾ’, 1986ರ ಜಪಾನಿನ ‘ಡ್ರ್ಯಾಗನ್ ಕ್ವೆಸ್ಟ್’, ಇವೆಲ್ಲ ಆರ್‌ಪಿಜಿ, ಅಂದರೆ ರೋಲ್ ಪ್ಲೇಯಿಂಗ್ ಗೇಮ್, ಅನ್ನಿಸಿಕೊಂಡವು. ಆದರೆ ಅವು ಮೇಜಿನಿಂದ ತಂದದ್ದು ಲೆಕ್ಕವನ್ನು: ಲೆವೆಲ್, ಹಿಟ್ ಪಾಯಿಂಟ್, ಅನುಭವದ ಅಂಕ. ಮಾತು ಕಟ್ಟುವ ಭಾಗ ಹಿಂದೆಯೇ ಉಳಿಯಿತು. ನನ್ನ ಪ್ರಕಾರ ಆರ್‌ಪಿಜಿ ಅನ್ನುವ ಹಣೆಪಟ್ಟಿಯ ಬಹುಪಾಲು ವಿಡಿಯೊ ಗೇಮ್‌ಗಳಲ್ಲಿ ರೋಲ್ ಪ್ಲೇ ಕಡಿಮೆ, ಲೆಕ್ಕ ಜಾಸ್ತಿ. ಮಾತು ಉಳಿದದ್ದು ಬೇರೆ ದಾರಿಯಲ್ಲಿ. 1978ರಲ್ಲಿ ಇಂಗ್ಲೆಂಡಿನ ಎಸೆಕ್ಸ್ ವಿಶ್ವವಿದ್ಯಾಲಯದಲ್ಲಿ ರಾಯ್ ಟ್ರಬ್‌ಷಾ ಶುರುಮಾಡಿ ರಿಚರ್ಡ್ ಬಾರ್ಟಲ್ ಮುಂದುವರಿಸಿದ ಮಡ್ ಎಂಬ ಆಟದಲ್ಲಿ ಬರೀ ಅಕ್ಷರ. ಹಲವರು ಒಟ್ಟಿಗೆ ಸೇರಿ ಟೈಪ್ ಮಾಡುತ್ತಾ ಆಡಬಹುದಿತ್ತು.

ಅದರ ವಂಶದ್ದೇ ಇಂದಿನ ಜಿಟಿಎ ಆರ್‌ಪಿ, ಅಂದರೆ ಜಿಟಿಎ ಆಟದೊಳಗಿನ ರೋಲ್ ಪ್ಲೇ. ‘ಫೈವ್‌ಎಂ’ ಎಂಬ ತಂತ್ರಾಂಶದ ಮೂಲಕ ನಡೆಯುವ ಸರ್ವರುಗಳಲ್ಲಿ ಒಬ್ಬ ಪೊಲೀಸ್, ಒಬ್ಬ ಮೆಕ್ಯಾನಿಕ್, ಒಬ್ಬ ಆಂಬುಲೆನ್ಸ್ ಡ್ರೈವರ್. ಮೂಲ ಆಟದಲ್ಲಿ ಕಂಡವರನ್ನೆಲ್ಲ ಗುಂಡಿಟ್ಟು ಕೊಲ್ಲಬಹುದು, ಇಲ್ಲಿ ಸುಮ್ಮನೆ ಕೊಂದರೆ ಸರ್ವರಿನಿಂದ ಹೊರಕ್ಕೆ. ಇವರ ನಿಯಮಗಳನ್ನು ನೋಡಬೇಕು. ಪಾತ್ರವಾಗಿ ಆಡಿದ ಮಾತು ‘ಐಸಿ’, ಸ್ವಂತದ್ದು ‘ಓಓಸಿ’. ಗೆಳೆಯನ ಲೈವ್ ಸ್ಟ್ರೀಮ್ ನೋಡಿ ಅವನು ಎಲ್ಲಿದ್ದಾನೆ ಅಂತ ತಿಳಿದು ಬಂದು ಹಿಡಿದರೆ ಅದು ‘ಮೆಟಾಗೇಮಿಂಗ್’, ದೊಡ್ಡ ತಪ್ಪು. ನಿನಗೆ ಗೊತ್ತಿದ್ದರೂ ನಿನ್ನ ಪಾತ್ರಕ್ಕೆ ಗೊತ್ತಿರಬಾರದು. 2015ರಲ್ಲಿ ಈ ತಂತ್ರಾಂಶ ಮಾಡಿದವರನ್ನು ಜಿಟಿಎ ತಯಾರಿಸುವ ರಾಕ್‌ಸ್ಟಾರ್ ಕಂಪನಿ ನಿಷೇಧಿಸಿತ್ತು. 2023ರಲ್ಲಿ ಅದೇ ಕಂಪನಿ ಅವರನ್ನು ಕೊಂಡುಕೊಂಡಿತು. ಲೈವ್ ಸ್ಟ್ರೀಮ್ ಬಂದ ಮೇಲೆ ಇಲ್ಲೂ ನೋಡುವವರು ಸೇರಿದ್ದಾರೆ, ನಿಜ. ವ್ಯೂಸ್‌ಗಾಗಿ ಕೂಗಾಡುವವರೂ ಬಂದಿದ್ದಾರೆ. ಆಟ ಕೆಟ್ಟಿತು ಅಂತ ಹಳಬರು ಗೊಣಗುವುದು ಅದಕ್ಕೇ.

ಹೊರಗೆ ಬರುವ ಬಾಗಿಲಿನ ಬಗ್ಗೆ ಎಲ್ಲರಿಗಿಂತ ಮೊದಲು ಯೋಚಿಸಿದ್ದು ಬಹುಶಃ ಲೈಂಗಿಕ ರೋಲ್ ಪ್ಲೇ ಮಾಡುವವರು. ಮೊದಲೇ ಒಂದು ‘ಸೇಫ್ ವರ್ಡ್’ ಗೊತ್ತುಮಾಡಿಕೊಳ್ಳುತ್ತಾರೆ, ಅದನ್ನು ಹೇಳಿದರೆ ಆಟ ಅಲ್ಲಿಗೇ ನಿಂತಿತು. 2013ರ ಸುಮಾರಿಗೆ ಮೇಜಿನ ಆಟಗಾರರೂ ‘ಎಕ್ಸ್ ಕಾರ್ಡ್’ ಇಟ್ಟುಕೊಂಡರು. ಮುಜುಗರವಾದರೆ ಕಾರ್ಡ್ ಮುಟ್ಟಿದರೆ ಸಾಕು, ಕಾರಣ ಹೇಳಬೇಕಿಲ್ಲ.

ಎಐ ಚಾಟ್‌ಗಳಲ್ಲಿ ಈಗ ಇದೇ ಪ್ರಶ್ನೆ ಎದ್ದಿದೆ. ಎಐ ಪಾತ್ರಗಳೊಡನೆ ಹರಟೆ ಹೊಡೆಯಬಹುದಾದ ‘ಕ್ಯಾರೆಕ್ಟರ್ ಡಾಟ್ ಎಐ’ 2022ರಲ್ಲಿ ಸಾರ್ವಜನಿಕರಿಗೆ ಸಿಕ್ಕಿದ ಮೇಲೆ ಹದಿಹರೆಯದವರು ಯಂತ್ರದ ಜೊತೆ ಗಂಟೆಗಟ್ಟಲೆ ರೋಲ್ ಪ್ಲೇ ಮಾಡತೊಡಗಿದರು. ಇಂಥ ಚಾಟ್‌ಗಳ ಹಿಂದೆ ಕೆಲಸ ಮಾಡುವ ಭಾಷಾ ಮಾದರಿಗಳು ಮಾಡುವುದೇ ರೋಲ್ ಪ್ಲೇ ಅಂತ 2023ರಲ್ಲಿ ಮುರ್ರೆ ಶನಹಾನ್ ಮತ್ತಿತರ ಸಂಶೋಧಕರು ‘ನೇಚರ್’ ಪತ್ರಿಕೆಯಲ್ಲಿ ಬರೆದರು. ಆದರೆ ಈ ಜೋಡಿಯಲ್ಲಿ ಒಂದು ಕಡೆ ಖಾಲಿ. ಮೇಜಿನ ಆಟದಲ್ಲಿ ಎದುರಿಗಿದ್ದ ಗೆಳತಿ ನಿನ್ನ ಮುಖ ನೋಡಿ ಸಾಕು ಬಿಡು ಅಂತಾಳೆ, ಹೊತ್ತಾಯಿತು ಅಂತ ಎದ್ದು ಮನೆಗೆ ಹೋಗುತ್ತಾಳೆ. ಯಂತ್ರ ತಾನಾಗಿ ಏಳುವುದಿಲ್ಲ. 2024ರಲ್ಲಿ ಫ್ಲಾರಿಡಾದ 14 ವರ್ಷದ ಹುಡುಗನೊಬ್ಬ ಇಂಥ ಒಡನಾಟದ ನಂತರ ಪ್ರಾಣ ಕಳೆದುಕೊಂಡ. ಅವನ ತಾಯಿ ಕಂಪನಿಯ ಮೇಲೆ ದಾವೆ ಹೂಡಿದರು. 2025ರ ನವೆಂಬರ್‌ನಲ್ಲಿ ಕಂಪನಿ 18 ವರ್ಷದೊಳಗಿನವರಿಗೆ ಪಾತ್ರಗಳೊಡನೆ ಮನಬಂದಂತೆ ಮಾತಾಡುವ ಸೌಲಭ್ಯವನ್ನು ನಿಲ್ಲಿಸಿತು.