ಕಳಿಸುವ ಮೊದಲೇ ಮುಟ್ಟಿದ ಸಂದೇಶ

ನೆಟ್‌ವರ್ಕಿನ ಗಡಿಯಾರಗಳನ್ನು ಹೊಂದಿಸುವುದೇ ನನ್ನ ಕೆಲಸ. ಹಾಗಾಗಿ 'ಹಿಂದಿನ ಕಾಲಕ್ಕೆ ಹೋದ' ಸಂದೇಶಗಳನ್ನು ಆಗಾಗ ನೋಡುತ್ತಲೇ ಇರುತ್ತೇನೆ. ಒಂದು ಸರ್ವರ್ 4.120ನೇ ಸೆಕೆಂಡಿಗೆ ಕಳಿಸಿದ ಪ್ಯಾಕೆಟ್ ಇನ್ನೊಂದಕ್ಕೆ 4.097ನೇ ಸೆಕೆಂಡಿಗೇ ಮುಟ್ಟಿದೆ ಎಂದು ಲಾಗ್, ಅಂದರೆ ಯಂತ್ರ ಬರೆದಿಟ್ಟ ದಾಖಲೆ, ಹೇಳುತ್ತದೆ. 23 ಮಿಲಿಸೆಕೆಂಡು ಮುಂಚೆ! ಹೊಸದಾಗಿ ಕೆಲಸಕ್ಕೆ ಸೇರಿದವರು ಬೆರಗಾಗುತ್ತಾರೆ. ಎರಡು ಯಂತ್ರಗಳ ಗಡಿಯಾರ ಹೊಂದಿಲ್ಲ, ಅಷ್ಟೇ.

ಹೊಂದಿಸುವುದು ಮಾತ್ರ ಅಷ್ಟು ಸಲೀಸಲ್ಲ. ನೆಟ್‌ವರ್ಕಿನ ಮೂಲಕ ಗಡಿಯಾರ ಹೊಂದಿಸುವ ಪದ್ಧತಿಯಾದ ಎನ್‌ಟಿಪಿಯಲ್ಲಿ ನಾಲ್ಕು ಸಮಯ ಗುರುತಿಸಿಕೊಳ್ಳುತ್ತೇವೆ: ಪ್ರಶ್ನೆ ಹೊರಟದ್ದು, ಸರ್ವರಿಗೆ ಮುಟ್ಟಿದ್ದು, ಉತ್ತರ ಹೊರಟದ್ದು, ಅದು ಮರಳಿ ಬಂದದ್ದು. ಹೋಗುವುದಕ್ಕೂ ಬರುವುದಕ್ಕೂ ಒಂದೇ ಹೊತ್ತು ಹಿಡಿಯಿತು ಎಂದುಕೊಂಡು ಗಡಿಯಾರಗಳ ವ್ಯತ್ಯಾಸ ತೆಗೆಯುತ್ತೇವೆ. ಹೋಗುವ ದಾರಿಯೇ ನಿಧಾನವಾಗಿದ್ದರೆ ಲೆಕ್ಕ ತಪ್ಪುತ್ತದೆ, ಆದರೆ ಆ ತಪ್ಪು ನಾಲ್ಕು ಅಂಕಿಗಳಲ್ಲಿ ಎಲ್ಲೂ ಕಾಣಿಸುವುದಿಲ್ಲ.

2011ರ ಒಪೆರಾ ಪ್ರಯೋಗ ನೆನಪಿರಬಹುದು. ಜಿನೀವಾ ಬಳಿಯ ಭೌತವಿಜ್ಞಾನ ಪ್ರಯೋಗಾಲಯ ಸರ್ನ್‌ನಿಂದ ಇಟಲಿಯ ಗ್ರಾನ್ ಸಾಸೊ ಪ್ರಯೋಗಾಲಯದವರೆಗೆ ಸುಮಾರು 730 ಕಿಲೋಮೀಟರ್ ಸಾಗಿದ ನ್ಯೂಟ್ರಿನೊ ಎಂಬ ಅತಿ ಸೂಕ್ಷ್ಮ ಕಣಗಳು ಬೆಳಕಿಗಿಂತ ಸುಮಾರು 60 ನ್ಯಾನೊಸೆಕೆಂಡು ಮೊದಲೇ ಬಂದಂತೆ ಕಂಡಿತು. ಜಿಪಿಎಸ್ ಸಮಯ ತರುವ ಫೈಬರ್ ಕೇಬಲಿನ ಕನೆಕ್ಟರ್ ಸರಿಯಾಗಿ ಕೂತಿರಲಿಲ್ಲ ಎನ್ನುವುದು ಆಮೇಲೆ ತಿಳಿಯಿತು. ಸಮಯದ ಸಂಕೇತ ತಡವಾಗಿ ಬಂದದ್ದರಿಂದ ಅಲ್ಲಿನ ಗಡಿಯಾರ ಹಿಂದೆ ಬಿತ್ತು, ನ್ಯೂಟ್ರಿನೊ ಬೇಗ ಬಂದಂತೆ ತೋರಿತು. ಆ ವಿಜ್ಞಾನಿಗಳು ಫಲಿತಾಂಶವನ್ನು ಎಲ್ಲರ ಮುಂದಿಟ್ಟು ಪರೀಕ್ಷಿಸಿ ಎಂದು ಕೇಳಿಕೊಂಡದ್ದನ್ನು ನಾನು ಇವತ್ತಿಗೂ ಮೆಚ್ಚುತ್ತೇನೆ.

ಬೆಳಕಿಗಿಂತ ತುಸು ವೇಗವಾಗಿ ಹೋದರೆ ಏನಂತೆ, ಅದಕ್ಕೇಕೆ ಅಷ್ಟು ಗದ್ದಲ ಎಂದು ಆಗ ಹಲವರು ಕೇಳಿದ್ದರು. ಅಂಥ ಸಂಕೇತವನ್ನು ಬಳಸಿ ಹಿಂದಿನ ಕಾಲಕ್ಕೆ ಸುದ್ದಿ ಕಳಿಸಬಹುದು ಎನ್ನುವುದೇ ಗದ್ದಲಕ್ಕೆ ಕಾರಣ. ಐನ್‌ಸ್ಟೈನ್ 1907ರಲ್ಲೇ ಈ ತೊಡಕನ್ನು ಗುರುತಿಸಿದ್ದರು.

ಲೆಕ್ಕ ಮಾಡಿಯೇ ನೋಡೋಣ. ಎರಡು ನೌಕೆಗಳು ಒಂದೆಡೆಯಿಂದ ಬೇರ್ಪಟ್ಟು, ಬೆಳಕಿನ ವೇಗದ 80 ಶೇಕಡದಲ್ಲಿ ಪರಸ್ಪರ ದೂರ ಸರಿಯುತ್ತಿವೆ. ಬೇರ್ಪಟ್ಟಾಗ ಎರಡರ ಗಡಿಯಾರವೂ ಸೊನ್ನೆ. ಸಂದೇಶವನ್ನು ತತ್‌ಕ್ಷಣ ಮುಟ್ಟಿಸುವ ಕಾಲ್ಪನಿಕ ಯಂತ್ರ ಎರಡರಲ್ಲೂ ಇದೆ. ಮೊದಲ ನೌಕೆ ತನ್ನ ಗಡಿಯಾರದಲ್ಲಿ 10 ಗಂಟೆಯಾದಾಗ ಸಂದೇಶ ಕಳಿಸುತ್ತದೆ. ಸಾಪೇಕ್ಷತಾ ಸಿದ್ಧಾಂತದಂತೆ ಈ ವೇಗದಲ್ಲಿ ದೂರ ಸರಿಯುವ ಗಡಿಯಾರ, ನೋಡುವವರ ಲೆಕ್ಕದಲ್ಲಿ, 60 ಶೇಕಡದಷ್ಟೇ ಓಡುತ್ತದೆ. ಹಾಗಾಗಿ ಮೊದಲ ನೌಕೆಯ ಲೆಕ್ಕದಲ್ಲಿ ಎರಡನೆಯದರ ಗಡಿಯಾರ ನಿಧಾನ, ಅಲ್ಲಿ ಈಗ 6 ಗಂಟೆ. ಸಂದೇಶ 6ಕ್ಕೆ ಮುಟ್ಟಿತು. ಎರಡನೆಯದು ತಕ್ಷಣ ಉತ್ತರಿಸುತ್ತದೆ. ಅದರ ಲೆಕ್ಕದಲ್ಲಿ ನಿಧಾನವಾಗಿರುವುದು ಮೊದಲನೆಯದರ ಗಡಿಯಾರ: 6ರ 60 ಶೇಕಡ, ಅಂದರೆ 3 ಗಂಟೆ 36 ನಿಮಿಷ. ಪ್ರಶ್ನೆ ಹೊರಡುವುದಕ್ಕೆ 6 ಗಂಟೆ 24 ನಿಮಿಷ ಮೊದಲೇ ಉತ್ತರ ಕೈಯಲ್ಲಿದೆ. ಗಡಿಯಾರ ಕೆಟ್ಟಿಲ್ಲ, ಕೇಬಲ್ ಸಡಿಲವಾಗಿಲ್ಲ. 'ಈಗ' ಎನ್ನುವುದು ಇಬ್ಬರಿಗೂ ಒಂದೇ ಅಲ್ಲ, ಅದೇ ಕಾರಣ.

ಇಂಥದ್ದಕ್ಕೆ ಅದ್ಭುತ ವೇಗದ ನೌಕೆಯೇ ಬೇಕೆಂದಿಲ್ಲ ಎಂಬುದು ನನಗೆ ಎಲ್ಲಕ್ಕಿಂತ ಮುಖ್ಯವಾಗಿ ಕಾಣುತ್ತದೆ. ಭೂಮಿಯ ಬಾಗು, ತಿರುಗುವಿಕೆಗಳನ್ನು ಬದಿಗಿಟ್ಟು, ಗಂಟೆಗೆ 900 ಕಿಲೋಮೀಟರ್ ವೇಗದಲ್ಲಿ ದೂರ ಸರಿಯುವ ವಿಮಾನದೊಂದಿಗೆ ಇದನ್ನೇ ಮಾಡಿ. 10 ಗಂಟೆಯ ಬಳಿಕ ಕೇಳಿದ ಪ್ರಶ್ನೆಗೆ ಉತ್ತರ ಸುಮಾರು 25 ನ್ಯಾನೊಸೆಕೆಂಡು ಮುಂಚೆ ಬರುತ್ತದೆ. ಅಷ್ಟನ್ನು ನಾವು ಅಳೆಯಬಲ್ಲೆವು. ತತ್‌ಕ್ಷಣದ ಸಂದೇಶ ಸಾಧ್ಯವಾದ ದಿನವೇ ಕಾರಣ ಮೊದಲು, ಪರಿಣಾಮ ಆಮೇಲೆ ಎಂಬ ಕ್ರಮ ಮುರಿಯುತ್ತದೆ. ಬೆಳಕಿನ ವೇಗದ ಮಿತಿ ಕಾಯುತ್ತಿರುವುದು ಈ ಕ್ರಮವನ್ನು.

ಈ ಯಂತ್ರಕ್ಕೂ ಒಂದು ಗಡಿ ಉಂಟು. ವೇಗವನ್ನು 99 ಶೇಕಡಕ್ಕೆ ಏರಿಸಿದರೆ ಉತ್ತರ ಬರುವುದು ಬೇರ್ಪಟ್ಟ ಸುಮಾರು 12 ನಿಮಿಷಕ್ಕೆ. ಬೇರ್ಪಡುವುದಕ್ಕೂ ಹಿಂದೆ ಅದು ಹೋಗಲಾರದು. ಯಂತ್ರವೇ ಇಲ್ಲದ ತಲೆಮಾರಿನವರಿಗೆ ಎಚ್ಚರಿಕೆ ಕಳಿಸುವ ಕಥೆಗಳು ಇದರಿಂದ ಸಾಧ್ಯವಾಗುವುದಿಲ್ಲ. ಕೇಳಿಸಿಕೊಳ್ಳಲು ರಿಸೀವರ್ ಬೇಕಲ್ಲ.

ಬೆಳಕನ್ನು ಮೀರುವ ಕಣಗಳು ಇರಬಹುದೇ ಎಂಬುದನ್ನು ಭೌತವಿಜ್ಞಾನಿ ಇ. ಸಿ. ಜಿ. ಸುದರ್ಶನ್ ಮತ್ತು ಸಂಗಡಿಗರು 1962ರಲ್ಲಿ ಗಂಭೀರವಾಗಿ ಚರ್ಚಿಸಿದರು. 1967ರಲ್ಲಿ ಜೆರಾಲ್ಡ್ ಫೈನ್‌ಬರ್ಗ್ ಅವಕ್ಕೆ ಟ್ಯಾಕಿಯಾನ್ ಎಂದು ಹೆಸರಿಟ್ಟರು. ಈವರೆಗೆ ಅವು ಪ್ರಯೋಗದಲ್ಲಿ ಸಿಕ್ಕಿಲ್ಲ. ದೂರವಿದ್ದರೂ ಎರಡು ಕಣಗಳ ಅಳತೆಯ ಫಲಿತಾಂಶಗಳು ಒಂದಕ್ಕೊಂದು ನಂಟು ಹೊಂದಿರುವ ಕ್ವಾಂಟಮ್ ಹೆಣೆದುಕೊಳ್ಳುವಿಕೆಯನ್ನು ಬಳಸಬಹುದಲ್ಲ ಎಂದು ಕೇಳುವವರಿದ್ದಾರೆ. ಅದರಲ್ಲಿ ಒಂದೊಂದು ತುದಿಗೂ ಕಾಣುವುದು ಯಾದೃಚ್ಛಿಕ ಫಲಿತಾಂಶ ಮಾತ್ರ. ಎರಡೂ ಪಟ್ಟಿಗಳನ್ನು ಪಕ್ಕಪಕ್ಕ ಇಟ್ಟಾಗಲೇ ನಂಟು ಕಾಣುತ್ತದೆ, ಪಟ್ಟಿ ತರಲು ಮಾಮೂಲಿ ದಾರಿಯೇ ಗತಿ.

ಯಾರಾದರೂ ಇಂಥ ಯಂತ್ರ ತಂದರೆ ನಾನು ಸಮಯದ ಲಾಗ್ ಕೇಳುವುದಿಲ್ಲ, ಅದು ಎಷ್ಟು ಸುಲಭವಾಗಿ ದಾರಿ ತಪ್ಪಿಸುತ್ತದೆಂದು ಗೊತ್ತು. ರಿಸೀವರಿಗೆ ಬಂದ 64 ಬಿಟ್ಟಿನ, ಅಂದರೆ ಸೊನ್ನೆ ಅಥವಾ ಒಂದರ 64 ಅಂಕಿಗಳ, ಸಂಖ್ಯೆಯನ್ನು ಕಾಗದದಲ್ಲಿ ಬರೆದು, ಲಕೋಟೆಗೆ ಹಾಕಿ ಅಂಟಿಸಿ, ಕಳಿಸುವವರ ಮೇಜಿನ ಮೇಲೆ ಇಡಲಿ. ಲಕೋಟೆ ಅಲ್ಲಿರುವಾಗಲೇ, ಎಲ್ಲರ ಕಣ್ಣೆದುರು, ನಾಣ್ಯವನ್ನು 64 ಬಾರಿ ಚಿಮ್ಮಿ ಬಿದ್ದ ಸಂಖ್ಯೆಯನ್ನು ಅವರು ಕಳಿಸಲಿ. ಆಮೇಲೆ ಲಕೋಟೆ ಒಡೆಯೋಣ. ಇದಕ್ಕೆ ಗಡಿಯಾರವೇ ಬೇಡ, ಊಹೆಯಿಂದ ಎರಡೂ ಹೊಂದುವ ಸಾಧ್ಯತೆ 1.8 ಕೋಟಿ ಕೋಟಿಯ ಲಕ್ಷದಲ್ಲಿ ಕೇವಲ ಒಂದು ಪಾಲು.